ಹಾಡು ದಾಟಿತು, ಹೆಸರು ದಾಟಿತೇ?

ಎರಡು ಭಾಷೆಗಳ ನಡುವೆ ಬಾಳುವ ನಮಗೆ ಒಂದು ಅನುಭವ ಹೊಸದಲ್ಲ. ರಾತ್ರಿ ಭಜನೆಗೆ ಕೂತಾಗ ನಮ್ಮ ತತ್ವಪದ ಮುಗಿಯುತ್ತಲೇ ಪಕ್ಕದವರು ತಮ್ಮ ಮಾತಿನ ಪದವೊಂದನ್ನು ಎತ್ತಿಕೊಳ್ಳುತ್ತಾರೆ. ನಾವು ಅದಕ್ಕೆ ತಾಳ ಹಾಕುತ್ತೇವೆ. ನಾಲ್ಕು ವಾರ ಕಳೆಯುವಷ್ಟರಲ್ಲಿ ಆ ಪದ ನಮ್ಮ ಬಾಯಲ್ಲೂ ಕೂತಿರುತ್ತದೆ. ಇನ್ನು ಹತ್ತು ವರ್ಷ ಹೋಗಲಿ, ಅದು ಯಾರದು, ಯಾರು ಕಟ್ಟಿದ್ದು ಎಂದು ಕೇಳುವವರೇ ಇರುವುದಿಲ್ಲ. ಹಾಡು ದಾಟಿ ಬಂತು ಎಂದು ಸಂತೋಷಪಡುತ್ತೇವೆ. ಹಾಡಿನ ಜೊತೆಗೆ ಹಾಡು ಕಟ್ಟಿದವರ ಹೆಸರೂ ದಾಟಿ ಬಂತೇ ಎಂದು ಮಾತ್ರ ಯೋಚಿಸುವುದಿಲ್ಲ.

ಈ ಪ್ರಶ್ನೆಯನ್ನು ಮುಂದಿಟ್ಟುಕೊಂಡು ಇವತ್ತು ಬಹಳ ದೂರದ ಊರಿನ ಒಂದು ರೆಕಾರ್ಡಿನ ಕತೆ ಹೇಳುತ್ತೇನೆ. ಊರು ಅಮೆರಿಕದ ಶಿಕಾಗೋ. ರೆಕಾರ್ಡು 1965ರ ಅಕ್ಟೋಬರಿನಲ್ಲಿ ಹೊರಬಂದ 'ದಿ ಪಾಲ್ ಬಟರ್‌ಫೀಲ್ಡ್ ಬ್ಲೂಸ್ ಬ್ಯಾಂಡ್'. ತಂಡದ ಹೆಸರೇ ರೆಕಾರ್ಡಿನ ಹೆಸರು. ಅದು ಆ ತಂಡದ ಮೊದಲ ರೆಕಾರ್ಡು. ಹನ್ನೊಂದು ಹಾಡು, ಸುಮಾರು 38 ನಿಮಿಷ. ಅಷ್ಟು ಚಿಕ್ಕದಾದ ಒಂದು ರೆಕಾರ್ಡಿನಲ್ಲಿ ಒಂದು ಊರಿನ ಎರಡು ಭಾಗಗಳ ಕತೆಯೇ ಅಡಗಿದೆ.

ಮೊದಲು ಬ್ಲೂಸ್ ಎಂದರೇನು ಎಂಬುದನ್ನು ನೋಡೋಣ.

ಅಮೆರಿಕದ ದಕ್ಷಿಣದ ರಾಜ್ಯಗಳಲ್ಲಿ, ವಿಶೇಷವಾಗಿ ಮಿಸಿಸಿಪಿಯ ಹತ್ತಿ ಹೊಲಗಳ ಸೀಮೆಯಲ್ಲಿ, ಕರಿಯ ಜನ ಕಟ್ಟಿಕೊಂಡ ಹಾಡಿನ ರೀತಿ ಅದು. ಗುಲಾಮಗಿರಿ ಕಾನೂನಿನ ಪ್ರಕಾರ ಮುಗಿದಿತ್ತು. ಆದರೆ ಸಾಲ, ಕೋರುಪಾಲು, ಹೊಡೆತ, ಅವಮಾನ ಮುಗಿದಿರಲಿಲ್ಲ. ಆ ಬಾಳಿನ ದುಃಖ, ಪ್ರೀತಿ, ತಮಾಷೆ, ಊರು ಬಿಡುವ ಆಸೆ ಎಲ್ಲವೂ ಆ ಹಾಡುಗಳಲ್ಲಿ ಬಂದವು. ಸುಮಾರು 1910ರಿಂದ 1970ರವರೆಗೆ ಲಕ್ಷಗಟ್ಟಲೆ ಕರಿಯ ಜನ ದಕ್ಷಿಣ ಬಿಟ್ಟು ಉತ್ತರದ ಕಾರ್ಖಾನೆ ಊರುಗಳಿಗೆ ರೈಲು ಹತ್ತಿದರು. ಒಟ್ಟು ಸುಮಾರು 60 ಲಕ್ಷ ಎಂದು ಇತಿಹಾಸಕಾರರು ಲೆಕ್ಕ ಹಾಕಿದ್ದಾರೆ. ಅವರಲ್ಲಿ ಬಹಳ ಮಂದಿ ಇಳಿದದ್ದು ಶಿಕಾಗೋದಲ್ಲಿ. ಗಂಟಿನ ಜೊತೆಗೆ ಹಾಡನ್ನೂ ತಂದರು. ಮಡ್ಡಿ ವಾಟರ್ಸ್ ಎಂಬ ಹಾಡುಗಾರರು 1943ರಲ್ಲಿ ಹೀಗೆಯೇ ಬಂದವರು. ಹಳ್ಳಿಯಲ್ಲಿ ಬರಿಯ ಗಿಟಾರು ಸಾಕಾಗಿತ್ತು. ಶಿಕಾಗೋದ ಗದ್ದಲದ ಹೋಟೆಲುಗಳಲ್ಲಿ ಅದು ಯಾರಿಗೂ ಕೇಳಿಸಲಿಲ್ಲ. ಆಗ ಅವರು ವಿದ್ಯುತ್ ಗಿಟಾರು ಹಿಡಿದರು. ಡ್ರಮ್ ಸೇರಿತು, ಪಿಯಾನೊ ಸೇರಿತು, ಮೌತ್ ಆರ್ಗನ್ನಿಗೆ ಮೈಕು ಬಂತು. ಹೀಗೆ ಹಳ್ಳಿಯ ಹಾಡು ಪೇಟೆಯ ಹಾಡಾಯಿತು.

ಬ್ಲೂಸ್ ಹಾಡಿನ ಕಟ್ಟು ಬಹಳ ಸರಳ. ಒಂದು ಸುತ್ತಿಗೆ ಮೂರು ಸಾಲು. ಮೊದಲ ಸಾಲನ್ನು ಹಾಡುತ್ತಾರೆ. ಎರಡನೆಯ ಸಲ ಅದೇ ಸಾಲನ್ನು ಮತ್ತೆ ಹಾಡುತ್ತಾರೆ. ಮೂರನೆಯ ಸಾಲು ಅದಕ್ಕೆ ಉತ್ತರ. ಒಂದೊಂದು ಸಾಲಿಗೂ ನಾಲ್ಕು ನಾಲ್ಕು ಎಣಿಕೆಯ ನಾಲ್ಕು ಆವರ್ತನ. ಹೀಗೆ ಒಟ್ಟು ಹನ್ನೆರಡು ಆವರ್ತನಕ್ಕೆ ಒಂದು ಸುತ್ತು ಮುಗಿಯುತ್ತದೆ. ಹಾಡುಗಾರ ಪ್ರತಿ ಸಾಲನ್ನೂ ಅರ್ಧದಷ್ಟು ಜಾಗದಲ್ಲೇ ಹಾಡಿ ನಿಲ್ಲಿಸುತ್ತಾನೆ. ಉಳಿದರ್ಧ ಜಾಗ ವಾದ್ಯಕ್ಕೆ. ಗಿಟಾರೋ ಮೌತ್ ಆರ್ಗನ್ನೋ ಅಲ್ಲಿ ಮಾತಾಡುತ್ತದೆ. ಅಂದರೆ ಬ್ಲೂಸ್ ಒಬ್ಬನೇ ಹೇಳುವ ಹಾಡಲ್ಲ, ಇಬ್ಬರ ಸಂವಾದ. ಸ್ವರದಲ್ಲೂ ಒಂದು ವಿಶೇಷವಿದೆ. ಪಿಯಾನೊದ ಮನೆಗಳಲ್ಲಿ ಸಿಗದ, ಎರಡು ಮನೆಗಳ ನಡುವೆ ಜಾರುವ ಸ್ವರಗಳೇ ಬ್ಲೂಸಿನ ಜೀವ. ಗಮಕ ಕೇಳಿ ಬೆಳೆದ ಕಿವಿಗೆ ಇದು ಅಷ್ಟೇನೂ ಅಪರಿಚಿತವಲ್ಲ.

ಈಗ ಕತೆಯ ನಾಯಕನಿಗೆ ಬರೋಣ. ಪಾಲ್ ಬಟರ್‌ಫೀಲ್ಡ್ ಬಿಳಿಯರ ಹುಡುಗ. 1942ರ ಡಿಸೆಂಬರಿನಲ್ಲಿ ಶಿಕಾಗೋದಲ್ಲಿ ಹುಟ್ಟಿದ. ತಂದೆ ವಕೀಲರು. ಮನೆ ಇದ್ದದ್ದು ಹೈಡ್ ಪಾರ್ಕ್ ಎಂಬ ಬಡಾವಣೆಯಲ್ಲಿ, ಶಿಕಾಗೋ ವಿಶ್ವವಿದ್ಯಾಲಯದ ಮಗ್ಗುಲಲ್ಲಿ. ಸುತ್ತಲೂ ಕರಿಯ ಜನ ವಾಸಿಸುವ ದಕ್ಷಿಣ ಶಿಕಾಗೋ. ನಡುವೆ ನಡುಗಡ್ಡೆಯಂತೆ ಈ ಬಡಾವಣೆ. ಗೋಡೆಯೇನೂ ಕಟ್ಟಿರಲಿಲ್ಲ. ಆದರೆ ಯಾವ ಬೀದಿಯಲ್ಲಿ ಯಾವ ಬಣ್ಣದವರು ಮನೆ ಮಾಡಬಹುದು ಎಂಬುದು ಎಲ್ಲರಿಗೂ ಗೊತ್ತಿತ್ತು. ಮಾರ್ಟಿನ್ ಲೂಥರ್ ಕಿಂಗ್ ಅವರು 1966ರಲ್ಲಿ ಇದೇ ಶಿಕಾಗೋಗೆ ಬಂದು, ಯಾರಿಗೆ ಎಲ್ಲಿ ಬೇಕಾದರೂ ಮನೆ ಸಿಗಬೇಕು ಎಂದು ಮೆರವಣಿಗೆ ಹೊರಟಾಗ ಅವರ ತಲೆಗೆ ಕಲ್ಲು ಬಿತ್ತು. ಅಂಥ ಊರು ಅದು.

ಬಟರ್‌ಫೀಲ್ಡ್ ಚಿಕ್ಕಂದಿನಲ್ಲಿ ಕಲಿತದ್ದು ಪಾಶ್ಚಾತ್ಯ ಶಾಸ್ತ್ರೀಯ ಕೊಳಲು. ಹರೆಯಕ್ಕೆ ಬರುವ ಹೊತ್ತಿಗೆ ಕಿವಿ ದಕ್ಷಿಣದ ಬೀದಿಗಳ ಕಡೆ ಹೊರಳಿತು. ನಿಕ್ ಗ್ರೇವನೈಟಿಸ್ ಎಂಬ ಗೆಳೆಯನ ಜೊತೆ ಕರಿಯರ ಹೋಟೆಲುಗಳಿಗೆ ಹೋಗಿ ಮಡ್ಡಿ ವಾಟರ್ಸ್, ಲಿಟಲ್ ವಾಲ್ಟರ್, ಹೌಲಿನ್ ವುಲ್ಫ್ ಮೊದಲಾದವರನ್ನು ಕೇಳತೊಡಗಿದ. ಕೇಳಿದ್ದಷ್ಟೇ ಅಲ್ಲ. ಮನೆಗೆ ಬಂದು ಗಂಟೆಗಟ್ಟಲೆ ಸಾಧನೆ ಮಾಡಿ, ಮತ್ತೆ ಹೋಗಿ, ಆ ಹಿರಿಯರ ಅನುಮತಿ ಪಡೆದು ವೇದಿಕೆ ಹತ್ತಿದ. ತಪ್ಪಿದರೆ ಇಳಿಸಿಬಿಡುವ ಜನ ಅವರು. ಈ ಹುಡುಗನನ್ನು ಇಳಿಸಲಿಲ್ಲ. ಮಡ್ಡಿ ವಾಟರ್ಸ್ ಅವರೇ ಅವನನ್ನು ಮೆಚ್ಚಿ ಪ್ರೋತ್ಸಾಹಿಸಿದರು.

ಅವನ ವಾದ್ಯ ಮೌತ್ ಆರ್ಗನ್. ನಮ್ಮಲ್ಲೂ ಮಕ್ಕಳಿಗೆ ಜಾತ್ರೆಯಲ್ಲಿ ಕೊಡಿಸುವ ಅದೇ ಚಿಕ್ಕ ವಾದ್ಯ. ಹತ್ತು ತೂತು. ಊದಿದರೆ ಒಂದು ಸ್ವರ, ಉಸಿರು ಒಳಗೆಳೆದರೆ ಇನ್ನೊಂದು. ಬ್ಲೂಸ್ ವಾದಕರು ಒಂದು ಉಪಾಯ ಕಂಡುಕೊಂಡಿದ್ದರು. ಒಂದು ಶ್ರುತಿಗೆ ಮಾಡಿದ ವಾದ್ಯವನ್ನು ಅವರು ಬೇರೊಂದು ಶ್ರುತಿಯ ಹಾಡಿಗೆ ಹಿಡಿಯುತ್ತಾರೆ. ಆಗ ಮುಖ್ಯ ಸ್ವರಗಳೆಲ್ಲ ಉಸಿರು ಒಳಗೆಳೆಯುವ ಕಡೆ ಬೀಳುತ್ತವೆ. ಒಳಗೆಳೆಯುವಾಗ ನಾಲಿಗೆ ಮತ್ತು ಗಂಟಲನ್ನು ಸ್ವಲ್ಪ ಬದಲಿಸಿದರೆ ಸ್ವರ ಬಾಗಿ ಕೆಳಗೆ ಜಾರುತ್ತದೆ, ಮನುಷ್ಯ ಬಿಕ್ಕಿದ ಹಾಗೆ ಕೇಳುತ್ತದೆ. ಲಿಟಲ್ ವಾಲ್ಟರ್ ಇನ್ನೊಂದು ಹೆಜ್ಜೆ ಮುಂದೆ ಹೋದರು. ವಾದ್ಯವನ್ನೂ ಮೈಕನ್ನೂ ಒಟ್ಟಿಗೆ ಎರಡೂ ಅಂಗೈಯಲ್ಲಿ ಮುಚ್ಚಿ ಹಿಡಿದು, ಆಂಪ್ಲಿಫೈಯರ್ ಮೂಲಕ ನುಡಿಸಿದರು. ಚಿಕ್ಕ ವಾದ್ಯಕ್ಕೆ ಸ್ಯಾಕ್ಸೊಫೋನಿನ ಗಾತ್ರ ಬಂತು. ಬಟರ್‌ಫೀಲ್ಡ್ ಈ ದಾರಿಯಲ್ಲೇ ನಡೆದ, ನಡೆಯುತ್ತ ನಡೆಯುತ್ತ ತನ್ನದೇ ಒಂದು ದನಿ ಕಂಡುಕೊಂಡ.

ವಿಶ್ವವಿದ್ಯಾಲಯಕ್ಕೆ ಭೌತಶಾಸ್ತ್ರ ಓದಲು 1960ರಲ್ಲಿ ಬಂದ ಎಲ್ವಿನ್ ಬಿಷಪ್ ಎಂಬ ವಿದ್ಯಾರ್ಥಿಯ ಪರಿಚಯವಾಯಿತು. ಆತನೂ ಬಿಳಿಯ, ಗಿಟಾರು ನುಡಿಸುವವ. ಓದು ಹಿಂದೆ ಬಿತ್ತು, ಬ್ಲೂಸ್ ಮುಂದೆ ಬಂತು. ಶಿಕಾಗೋದ ಉತ್ತರ ಭಾಗದಲ್ಲಿ, ಬಿಳಿಯರ ಬಡಾವಣೆಯಲ್ಲಿ, ಬಿಗ್ ಜಾನ್ಸ್ ಎಂಬ ಹೋಟೆಲಿನಲ್ಲಿ ನುಡಿಸಲು ಕರೆ ಬಂದಾಗ ಬಟರ್‌ಫೀಲ್ಡ್‌ಗೆ ಒಂದು ತಂಡ ಬೇಕಾಯಿತು. ಹೌಲಿನ್ ವುಲ್ಫ್ ಅವರ ತಂಡದಲ್ಲಿದ್ದ ಇಬ್ಬರು ಕರಿಯ ವಾದಕರನ್ನು ಕರೆದ. ಒಬ್ಬರು ಬಾಸ್ ಗಿಟಾರಿನ ಜೆರೋಮ್ ಆರ್ನಾಲ್ಡ್, ಇನ್ನೊಬ್ಬರು ಡ್ರಮ್ ನುಡಿಸುವ ಸ್ಯಾಮ್ ಲೇ. ಹಿರಿಯ ವುಲ್ಫ್ ಅವರನ್ನು ಬಿಟ್ಟು ಇಪ್ಪತ್ತರ ಹುಡುಗನ ಜೊತೆ ಇವರೇಕೆ ಬಂದರು? ಇಲ್ಲಿ ಸಂಬಳ ಹೆಚ್ಚು.

ಶ್ರೋತೃಗಳೇ, ಈ ಒಂದು ಮಾತನ್ನು ಮನಸ್ಸಿನಲ್ಲಿಟ್ಟುಕೊಳ್ಳಿ. ಅದೇ ವಾದಕರು, ಅದೇ ಹಾಡು, ಅದೇ ಊರು. ದಕ್ಷಿಣದ ಹೋಟೆಲಿನಲ್ಲಿ ನುಡಿಸಿದರೆ ಒಂದು ಕೂಲಿ, ಬಿಳಿಯ ಹುಡುಗನ ಹೆಸರಿನಲ್ಲಿ ಉತ್ತರದ ಹೋಟೆಲಿನಲ್ಲಿ ನುಡಿಸಿದರೆ ಇನ್ನೊಂದು ಕೂಲಿ. ಹಾಡಿನ ಬೆಲೆ ಬದಲಾದದ್ದು ಹಾಡಿನಿಂದಲ್ಲ.

ಬಿಳಿಯರೂ ಕರಿಯರೂ ಒಂದೇ ವೇದಿಕೆಯಲ್ಲಿ ಕೂತು ನುಡಿಸಿದ್ದು ಅಮೆರಿಕದಲ್ಲಿ ಇದೇ ಮೊದಲೇನಲ್ಲ. ಜಾಜ್ ಸಂಗೀತದಲ್ಲಿ ಬೆನ್ನಿ ಗುಡ್‌ಮನ್ 1930ರ ದಶಕದಲ್ಲೇ ಅದನ್ನು ಮಾಡಿದ್ದರು. ಆದರೆ 1960ರ ದಶಕದ ನಡುವಿನಲ್ಲಿ, ನಾಗರಿಕ ಹಕ್ಕುಗಳ ಹೋರಾಟ ಬೀದಿಯಲ್ಲಿ ನಡೆಯುತ್ತಿದ್ದಾಗ, ಶಿಕಾಗೋ ಬ್ಲೂಸನ್ನು ಹೀಗೆ ಬೆರೆತು ನುಡಿಸುವ ತಂಡ ಅಪರೂಪವಾಗಿತ್ತು.

ಇನ್ನು ರೆಕಾರ್ಡಿಂಗಿನ ಕತೆ. ನ್ಯೂಯಾರ್ಕಿನಲ್ಲಿ ಎಲೆಕ್ಟ್ರಾ ಎಂಬ ಕಂಪನಿ ಇತ್ತು. ಜ್ಯಾಕ್ ಹೋಲ್ಜ್‌ಮನ್ ಅದರ ಒಡೆಯರು. ಅಲ್ಲಿಯವರೆಗೆ ಅದು ಮುಖ್ಯವಾಗಿ ಜನಪದ ಹಾಡುಗಳ ಕಂಪನಿ. ಒಬ್ಬ ಹಾಡುಗಾರ, ಒಂದು ಗಿಟಾರು, ಒಂದು ಮೈಕು, ಅಷ್ಟೇ. ಅದರ ನಿರ್ಮಾಪಕ ಪಾಲ್ ರಾಥ್‌ಚೈಲ್ಡ್ ಶಿಕಾಗೋಗೆ ಬಂದು ಬಟರ್‌ಫೀಲ್ಡ್ ತಂಡವನ್ನು ಕೇಳಿ ಬೆರಗಾದರು. ಅದೇ ಊರಿನಲ್ಲಿ ಮೈಕ್ ಬ್ಲೂಮ್‌ಫೀಲ್ಡ್ ಎಂಬ ಇನ್ನೊಬ್ಬ ಗಿಟಾರ್ ವಾದಕನನ್ನೂ ಕೇಳಿದರು. ಸಿರಿವಂತ ಮನೆಯ ಹುಡುಗ. ಆದರೆ ಕರಿಯ ಹಿರಿಯರ ಹಿಂದೆ ಬಿದ್ದು ಬ್ಲೂಸ್ ಕಲಿತವನು. ಇವನನ್ನೂ ಸೇರಿಸಿಕೊ ಎಂದು ರಾಥ್‌ಚೈಲ್ಡ್ ಬಟರ್‌ಫೀಲ್ಡ್‌ಗೆ ಹೇಳಿದರು. ತಂಡಕ್ಕೆ ಎರಡು ಗಿಟಾರು ಆಯಿತು.

ಮೊದಲ ಸಲ ಸ್ಟುಡಿಯೋದಲ್ಲಿ ರೆಕಾರ್ಡಿಂಗ್ ನಡೆದದ್ದು 1964ರ ಕೊನೆ, 1965ರ ಆರಂಭದ ಹೊತ್ತಿಗೆ. ಹಾಡುಗಳು ಮುಗಿದವು. ಬಿಡುಗಡೆಗೆ ಸಿದ್ಧತೆಯೂ ನಡೆಯಿತು. ಆಗ ರಾಥ್‌ಚೈಲ್ಡ್ ಕೂತು ಕೇಳಿದರು, ಮತ್ತೆ ಕೇಳಿದರು, ಒಪ್ಪಿಗೆಯಾಗಲಿಲ್ಲ. ಹೋಟೆಲಿನಲ್ಲಿ ಎದೆ ನಡುಗಿಸುತ್ತಿದ್ದ ತಂಡ ಟೇಪಿನಲ್ಲಿ ಸಪ್ಪೆಯಾಗಿತ್ತು. ಒಡೆಯರ ಬಳಿಗೆ ಹೋಗಿ, ಇದನ್ನು ತಡೆಯಿರಿ ಎಂದರು. ಖರ್ಚು ಮಾಡಿದ ಹಣ ಹೋಯಿತಲ್ಲ ಎನ್ನದೆ ಹೋಲ್ಜ್‌ಮನ್ ತಡೆದರು. ಎರಡನೆಯ ಸಲ ಉಪಾಯ ಬದಲಾಯಿತು. ಹೋಟೆಲಿನಲ್ಲಿ ಚೆನ್ನಾಗಿ ಬರುತ್ತದೆ ಎಂದಾದರೆ ಹೋಟೆಲಿನಲ್ಲೇ ಮಾಡೋಣ ಎಂದು ನ್ಯೂಯಾರ್ಕಿನ ಕೆಫೆ ಓ ಗೋ ಗೋ ಎಂಬಲ್ಲಿ ಜನರ ಎದುರೇ ಟೇಪು ಮಾಡಿದರು. ಅದೂ ಸರಿಬರಲಿಲ್ಲ. ಮತ್ತೆ ತಡೆದರು.

ಏಕೆ ಇಷ್ಟು ಕಷ್ಟವಾಯಿತು? ಎರಡು ವಿದ್ಯುತ್ ಗಿಟಾರು, ಬಾಸ್, ಡ್ರಮ್, ಆಂಪ್ಲಿಫೈಯರ್ ಮೂಲಕ ಬರುವ ಮೌತ್ ಆರ್ಗನ್, ಇವೆಲ್ಲ ಒಂದೇ ಕೋಣೆಯಲ್ಲಿ ಗಟ್ಟಿಯಾಗಿ ನುಡಿಯುವಾಗ ಒಂದರ ಸದ್ದು ಇನ್ನೊಂದರ ಮೈಕಿಗೆ ಸೋರುತ್ತದೆ. ಬಿಡಿಬಿಡಿಯಾಗಿ ತಗ್ಗಿಸಿ ನುಡಿಸಿದರೆ ಸ್ಪಷ್ಟತೆ ಬರುತ್ತದೆ, ಜೀವ ಹೋಗುತ್ತದೆ. ಗಟ್ಟಿಯಾಗಿ ನುಡಿಸಿದರೆ ಜೀವ ಇರುತ್ತದೆ, ಮಾತು ಕಲಸಿಹೋಗುತ್ತದೆ. ಆ ಕಂಪನಿಗೆ ಇಂಥ ತಂಡವನ್ನು ಹಿಡಿಯುವ ಅಭ್ಯಾಸ ಇರಲಿಲ್ಲ. ಕಲಿಯಬೇಕಾದವರು ವಾದಕರು ಮಾತ್ರ ಆಗಿರಲಿಲ್ಲ.

ಮೂರನೆಯ ಸಲ, 1965ರ ಸೆಪ್ಟೆಂಬರಿನಲ್ಲಿ, ನ್ಯೂಯಾರ್ಕಿನ ಸ್ಟುಡಿಯೋದಲ್ಲಿ ಮತ್ತೆ ಕೂತರು. ಮಾರ್ಕ್ ನಫ್ಟಾಲಿನ್ ಎಂಬ ಪರಿಚಯದ ಹುಡುಗ ಸ್ಟುಡಿಯೋಗೆ ಬಂದಿದ್ದ; ಒಂದು ಹಾಡಿಗೆ ಆರ್ಗನ್ ನುಡಿಸಿದ. ಚೆನ್ನಾಗಿದೆ, ಇನ್ನೊಂದಕ್ಕೂ ನುಡಿಸು ಎಂದರು. ಹೀಗೆ ಹಲವು ಹಾಡುಗಳಲ್ಲಿ ಅವನ ಕೈ ಸೇರಿತು, ಅವನೂ ತಂಡಕ್ಕೆ ಸೇರಿದ. ಆರು ಮಂದಿಯ ತಂಡ ಪೂರ್ಣವಾಯಿತು. ಈ ಸಲ ರೆಕಾರ್ಡು ಒದಗಿತು. ಮುಂದಿನ ತಿಂಗಳೇ ಹೊರಬಂತು. ಇದನ್ನು ಆದಷ್ಟು ಗಟ್ಟಿಯಾಗಿ ಹಾಕಿಕೊಂಡು ಕೇಳಿ ಎಂಬ ಅರ್ಥದ ಸಲಹೆಯನ್ನು ಕಂಪನಿಯವರು ಹೊದಿಕೆಯ ಮೇಲೆಯೇ ಅಚ್ಚು ಮಾಡಿಸಿದ್ದರು. ಮೊದಲ ಸಲ ತಡೆಹಿಡಿದಿದ್ದ ಹಾಡುಗಳು ಮೂವತ್ತು ವರ್ಷ ಕಳೆದು 1995ರಲ್ಲಿ ಬೇರೆ ಮುದ್ರಿಕೆಯಾಗಿ ಬಂದವು. ಎರಡನ್ನೂ ಹೋಲಿಸಿ ಕೇಳಿದವರಿಗೆ ರಾಥ್‌ಚೈಲ್ಡ್ ಹಟ ಹಿಡಿದದ್ದು ಏಕೆಂದು ತಿಳಿಯುತ್ತದೆ.

ಈ ಎರಡನೆಯ ಮತ್ತು ಮೂರನೆಯ ಪ್ರಯತ್ನದ ನಡುವೆ ಒಂದು ಪ್ರಸಂಗ ನಡೆಯಿತು. 1965ರ ಜುಲೈನಲ್ಲಿ ನ್ಯೂಪೋರ್ಟ್ ಎಂಬಲ್ಲಿ ದೊಡ್ಡ ಜನಪದ ಸಂಗೀತ ಮೇಳ. ಅಲ್ಲಿ ಬ್ಲೂಸ್ ಗೋಷ್ಠಿಯಲ್ಲಿ ಈ ತಂಡವನ್ನು ಪರಿಚಯಿಸಿದವರು ಅಲನ್ ಲೋಮ್ಯಾಕ್ಸ್. ಅವರು ಸಾಮಾನ್ಯರಲ್ಲ. ಹಳ್ಳಿಹಳ್ಳಿ ತಿರುಗಿ ಜನಪದ ಹಾಡುಗಳನ್ನು ಧ್ವನಿಮುದ್ರಿಸಿಕೊಂಡವರು. 1941ರಲ್ಲಿ ಮಿಸಿಸಿಪಿಯ ಹತ್ತಿ ತೋಟದಲ್ಲಿ ಟ್ರಾಕ್ಟರು ಓಡಿಸುತ್ತಿದ್ದ ಮಡ್ಡಿ ವಾಟರ್ಸ್ ಅವರ ಹಾಡನ್ನು ಮೊದಲು ದಾಖಲಿಸಿಕೊಂಡವರ ಪೈಕಿ ಅವರೇ ಒಬ್ಬರು. ಅಂಥವರು ಈ ಹುಡುಗರನ್ನು ಪರಿಚಯಿಸುವಾಗ, ಇಷ್ಟೆಲ್ಲ ಯಂತ್ರ ಹೊತ್ತು ತಂದಿರುವ ಇವರಿಗೆ ಬ್ಲೂಸ್ ಬರುತ್ತದೆಯೋ ನೋಡೋಣ ಎಂಬ ದಾಟಿಯಲ್ಲಿ ಚುಚ್ಚಿ ಮಾತಾಡಿದರು. ತಂಡದ ವ್ಯವಹಾರ ನೋಡಿಕೊಳ್ಳಲು ಬಯಸಿದ್ದ ಆಲ್ಬರ್ಟ್ ಗ್ರಾಸ್‌ಮನ್ ಎಂಬವರಿಗೆ ಸಿಟ್ಟು ಬಂತು. ವೇದಿಕೆಯ ಬದಿಯಲ್ಲೇ ಇಬ್ಬರು ದೊಡ್ಡ ಮನುಷ್ಯರು ಮೈಕೈ ಹಿಡಿದು ಮಣ್ಣಿನಲ್ಲಿ ಹೊರಳಾಡಿದರು. ಮರುದಿನ, ಜುಲೈ 25ರ ರಾತ್ರಿ, ಬಾಬ್ ಡಿಲನ್ ವಿದ್ಯುತ್ ಗಿಟಾರು ಹಿಡಿದು ವೇದಿಕೆಗೆ ಬಂದು ಕೋಲಾಹಲ ಎಬ್ಬಿಸಿದರಲ್ಲ, ಆಗ ಅವರ ಹಿಂದೆ ನಿಂತು ನುಡಿಸಿದವರಲ್ಲಿ ಬ್ಲೂಮ್‌ಫೀಲ್ಡ್, ಆರ್ನಾಲ್ಡ್, ಸ್ಯಾಮ್ ಲೇ ಇದ್ದರು.

ಮಣ್ಣಿನಲ್ಲಿ ಹೊರಳಾಡಿದ್ದನ್ನು ನೆನೆದು ನಗಬಹುದು. ಆದರೆ ಲೋಮ್ಯಾಕ್ಸ್ ಅವರ ಅಳಲಿನಲ್ಲಿ ಹುರುಳಿಲ್ಲ ಎನ್ನಲಾಗದು. ಹಾಡು ಹುಟ್ಟಿಸಿದವರು ಬಡತನದಲ್ಲೇ ಇರುವಾಗ ಹಾಡು ಕಲಿತವರು ಮುಂದಿನ ಸಾಲಿಗೆ ಬಂದು ನಿಂತರೆ ನೋಡುವವರಿಗೆ ನೋವಾಗುತ್ತದೆ. ಇನ್ನೊಂದು ಕಡೆಯಿಂದ ನೋಡಿದರೆ, ಆ ಹುಡುಗರು ಕದ್ದು ಕಲಿತವರಲ್ಲ. ಮನೆಬಾಗಿಲಿಗೆ ಹೋಗಿ, ಕೂತು, ಗುರುಗಳ ಎದುರೇ ಕಲಿತವರು. ಆರು ಮಂದಿಯಲ್ಲಿ ಇಬ್ಬರು ಆ ಮನೆಯವರೇ. ಹಾಗಾದರೆ ನ್ಯಾಯ ಯಾವ ಕಡೆ ಇತ್ತು? ಉತ್ತರಕ್ಕೆ ರೆಕಾರ್ಡಿನಲ್ಲಿರುವ ಹಾಡುಗಳನ್ನೇ ನೋಡಬೇಕು.

ಮೊದಲ ಹಾಡು 'ಬಾರ್ನ್ ಇನ್ ಶಿಕಾಗೋ'. ಬರೆದದ್ದು ಗೆಳೆಯ ಗ್ರೇವನೈಟಿಸ್. ಬಂದೂಕಿಗೆ ಒಬ್ಬೊಬ್ಬರಾಗಿ ಗೆಳೆಯರನ್ನು ಕಳೆದುಕೊಳ್ಳುವ ನಗರದ ಹುಡುಗನ ಹಾಡು. ಮಿಸಿಸಿಪಿಯ ಹತ್ತಿ ಹೊಲ ಅದರಲ್ಲಿ ಇಲ್ಲ. ತಾವು ಕಾಣದ ಹೊಲವನ್ನು ಕಂಡಂತೆ ನಟಿಸದೆ, ಕಂಡ ಊರನ್ನೇ ಹಾಡಿದರು. ಇದು ಈ ರೆಕಾರ್ಡಿನ ಮೊದಲ ಪ್ರಾಮಾಣಿಕತೆ ಎನ್ನಬಹುದು.

ಮುಂದೆ ಎಲ್ಮೋರ್ ಜೇಮ್ಸ್, ವಿಲ್ಲಿ ಡಿಕ್ಸನ್, ಲಿಟಲ್ ವಾಲ್ಟರ್, ಜೂನಿಯರ್ ಪಾರ್ಕರ್ ಇವರ ಹಾಡುಗಳು ಬರುತ್ತವೆ. 'ಗಾಟ್ ಮೈ ಮೋಜೋ ವರ್ಕಿಂಗ್' ಎಂಬ ಹಾಡನ್ನು ಹಾಡಿದವರು ಬಟರ್‌ಫೀಲ್ಡ್ ಅಲ್ಲ, ಡ್ರಮ್ ನುಡಿಸುತ್ತಲೇ ಸ್ಯಾಮ್ ಲೇ ಹಾಡಿದರು. ನಡುವೆ ಬರಿಯ ವಾದ್ಯದ ಎರಡು ತುಣುಕುಗಳಿವೆ. ಅಲ್ಲಿ ಬ್ಲೂಮ್‌ಫೀಲ್ಡ್‌ನ ಗಿಟಾರು ಮಾತಿಗಿಂತ ಬೇಗ ಓಡುತ್ತದೆ. ಬಟರ್‌ಫೀಲ್ಡ್‌ನ ಮೌತ್ ಆರ್ಗನ್ ಅದನ್ನು ಹಿಡಿದು ನಿಲ್ಲಿಸುತ್ತದೆ. ಕೆಳಗೆ ಆರ್ನಾಲ್ಡ್ ಮತ್ತು ಲೇ ಹಾಕುವ ನಡಿಗೆ ಮಾತ್ರ ಒಮ್ಮೆಯೂ ಕದಲುವುದಿಲ್ಲ. ಶಿಕಾಗೋದ ದಕ್ಷಿಣ ಭಾಗದ ಹೋಟೆಲುಗಳಲ್ಲಿ ವರ್ಷಗಟ್ಟಲೆ ದುಡಿದು ಬಂದ ನಡಿಗೆ ಅದು.

ಈಗ ಹಣದ ಲೆಕ್ಕ. ರೆಕಾರ್ಡಿನ ಮೇಲೆ ಹಾಡಿನ ಕೆಳಗೆ ಯಾರ ಹೆಸರು ಅಚ್ಚಾಗುತ್ತದೋ ಅವರಿಗೆ ಹಣ ಸಲ್ಲಬೇಕು. ಆಗಿನ ಅಮೆರಿಕದ ಕಾನೂನಿನಲ್ಲಿ ಒಂದು ಪ್ರತಿಗೆ, ಒಂದು ಹಾಡಿಗೆ ಗೊತ್ತುಮಾಡಿದ್ದ ದರ ಎರಡು ಸೆಂಟ್. 1909ರಿಂದ 1978ರವರೆಗೆ ಈ ದರ ಬದಲಾಗಲೇ ಇಲ್ಲ. ಲೆಕ್ಕಕ್ಕಾಗಿ 50,000 ಪ್ರತಿ ಮಾರಿತು ಎನ್ನೋಣ. ಒಂದು ಹಾಡಿಗೆ 1,000 ಡಾಲರ್. ಅದರಲ್ಲೂ ಹಾಡಿನ ಹಕ್ಕು ನೋಡಿಕೊಳ್ಳುವ ಪ್ರಕಾಶಕರ ಪಾಲು ಹೋಗುತ್ತದೆ. ಉಳಿದದ್ದು ಬರೆದವನಿಗೆ. ಸಣ್ಣ ಹಣವೇ. ಆದರೆ ಬಡ ಹಾಡುಗಾರನಿಗೆ ಅದು ವರ್ಷದ ಬಾಡಿಗೆ. ಹೆಸರು ಅಚ್ಚಾಗದೆ ಹೋದರೆ ಅದೂ ಇಲ್ಲ.

ಹೆಸರು ಹಾಕುವುದೂ ಸುಲಭದ ಕೆಲಸವಲ್ಲ. ಆ ಮೋಜೋ ಹಾಡನ್ನೇ ನೋಡಿ. ಮಡ್ಡಿ ವಾಟರ್ಸ್ ಅವರದೆಂದು ಲೋಕವೆಲ್ಲ ನಂಬಿತ್ತು. ನಿಜಕ್ಕೂ ಅದನ್ನು ಬರೆದವರು ಪ್ರೆಸ್ಟನ್ ಫಾಸ್ಟರ್. ಮೊದಲು ಹಾಡಿದವರು ಆ್ಯನ್ ಕೋಲ್ ಎಂಬ ಹಾಡುಗಾರ್ತಿ. 1956ರಲ್ಲಿ ಆಕೆಯ ಜೊತೆ ಊರೂರು ತಿರುಗುವಾಗ ಮಡ್ಡಿ ವಾಟರ್ಸ್ ಹಾಡನ್ನು ಕೇಳಿ ಕಲಿತರು, ಸ್ವಲ್ಪ ಮಾತು ಬದಲಿಸಿದರು, ತಮ್ಮ ಹೆಸರಿನಲ್ಲಿ ರೆಕಾರ್ಡು ಮಾಡಿದರು. ವ್ಯಾಜ್ಯ ನಡೆಯಿತು, ಕೊನೆಗೆ ಹಕ್ಕು ಫಾಸ್ಟರ್ ಅವರದು ಎಂದಾಯಿತು. ಅದೇ ರೀತಿ 'ಬ್ಲೂಸ್ ವಿತ್ ಎ ಫೀಲಿಂಗ್' ಎಂಬ ಹಾಡು ಲಿಟಲ್ ವಾಲ್ಟರ್ ಅವರದೆಂದು ಪ್ರಸಿದ್ಧ. ಅವರಿಗಿಂತ ಮೊದಲು, 1947ರಲ್ಲಿ, ಅದನ್ನು ರೇಬನ್ ಟ್ಯಾರಂಟ್ ಎಂಬವರು ಹಾಡಿದ್ದರು. ಆದ್ದರಿಂದ ಹೆಸರು ಅಳಿಸಿಹೋಗುವುದು ಬಿಳಿಯರು ಕರಿಯರಿಂದ ಪಡೆದಾಗ ಮಾತ್ರವಲ್ಲ. ಹಾಡು ಬಾಯಿಂದ ಬಾಯಿಗೆ ಹೋಗುವಾಗ ಎಲ್ಲಿ ಬೇಕಾದರೂ ಆಗುತ್ತದೆ. ಗೌರವಿಸುವ ಗುರುವಿನ ಕೈಯಲ್ಲೂ ಆಗುತ್ತದೆ.

ಆದರೂ ಮುಂದೆ ಬಂದ ಕೆಲವು ಶ್ರೀಮಂತ ತಂಡಗಳ ನಡತೆಗೆ ಹೋಲಿಸಿದರೆ ಈ ರೆಕಾರ್ಡು ವಾಸಿ. ವಿಲ್ಲಿ ಡಿಕ್ಸನ್ ಅವರ ಹಾಡನ್ನು ಇಲ್ಲಿ ಅವರ ಹೆಸರಿನಲ್ಲೇ ಹಾಡಿದರು. 1969ರಲ್ಲಿ ಇಂಗ್ಲೆಂಡಿನ ಲೆಡ್ ಜೆಪೆಲಿನ್ ತಂಡ ಅದೇ ಡಿಕ್ಸನ್ ಅವರ ಇನ್ನೊಂದು ಹಾಡಿನ ಮಾತುಗಳನ್ನು ಬಳಸಿಕೊಂಡು 'ಹೋಲ್ ಲಾಟಾ ಲವ್' ಎಂಬ ಹಾಡು ಮಾಡಿತು, ಅವರ ಹೆಸರು ಹಾಕಲಿಲ್ಲ. ಡಿಕ್ಸನ್ 1985ರಲ್ಲಿ ಕೋರ್ಟಿಗೆ ಹೋದರು, 1987ರಲ್ಲಿ ರಾಜಿಯಾಯಿತು. ಬ್ಲೂಸ್ ಕಲಾವಿದರ ಹಕ್ಕಿಗಾಗಿ ಅವರು ಒಂದು ಪ್ರತಿಷ್ಠಾನವನ್ನೂ ಕಟ್ಟಿದರು. ಚೆಸ್ ಎಂಬ ಹೆಸರಾಂತ ಬ್ಲೂಸ್ ಕಂಪನಿಯ ಸ್ಟುಡಿಯೋ ಇದ್ದ ಶಿಕಾಗೋದ ಹಳೆಯ ಕಟ್ಟಡವೇ ಮುಂದೆ ಆ ಪ್ರತಿಷ್ಠಾನದ ಮನೆಯಾಯಿತು.

ಎಲ್ಮೋರ್ ಜೇಮ್ಸ್ ಮಾತ್ರ ಯಾವುದನ್ನೂ ಕಾಣಲಿಲ್ಲ. ಈ ರೆಕಾರ್ಡು ಬರುವ ಎರಡು ವರ್ಷ ಮೊದಲೇ, 1963ರಲ್ಲಿ, ಹೃದಯಾಘಾತದಿಂದ ತೀರಿಕೊಂಡಿದ್ದರು. ಲಿಟಲ್ ವಾಲ್ಟರ್ 1968ರಲ್ಲಿ ತೀರಿಕೊಂಡರು, ವಯಸ್ಸು ಕೇವಲ 37.

ರೆಕಾರ್ಡು ಅಮೆರಿಕದ ಮಾರಾಟದ ಪಟ್ಟಿಯಲ್ಲಿ 123ನೆಯ ಸ್ಥಾನಕ್ಕೆ ಏರಿತು. ದೊಡ್ಡ ಗೆಲುವೇನಲ್ಲ. ಆದರೆ ಕೇಳಿದವರಲ್ಲಿ ಬಹಳ ಮಂದಿ ಹುಡುಗರು ಗಿಟಾರು ಹಿಡಿದರು, ಹಾಡಿನ ಕೆಳಗಿನ ಹೆಸರುಗಳನ್ನು ಓದಿ ಮೂಲದ ರೆಕಾರ್ಡುಗಳನ್ನು ಹುಡುಕಿದರು. ಅದೇ ಇದರ ನಿಜವಾದ ಫಲ.

ಸ್ಯಾಮ್ ಲೇ ಅನಾರೋಗ್ಯದಿಂದ ತಂಡ ಬಿಟ್ಟ ಮೇಲೆ ಬಿಲ್ಲಿ ಡೇವನ್‌ಪೋರ್ಟ್ ಬಂದರು. 1966ರ ಎರಡನೆಯ ರೆಕಾರ್ಡಿನ ಹೆಸರು 'ಈಸ್ಟ್ ವೆಸ್ಟ್', ಅಂದರೆ ಪೂರ್ವ ಪಶ್ಚಿಮ. ಅದರ ಕೊನೆಯಲ್ಲಿ ಹದಿಮೂರು ನಿಮಿಷದ ಒಂದು ವಾದ್ಯಪ್ರಬಂಧವಿದೆ. ಹಿಂದೂಸ್ತಾನಿ ಸಂಗೀತ ಕೇಳಿ ಬೆರಗಾಗಿದ್ದ ಬ್ಲೂಮ್‌ಫೀಲ್ಡ್ ಅದನ್ನು ಕಟ್ಟಿದ. ತಂಡದವರು ಅದನ್ನು ತಮ್ಮೊಳಗೆ 'ರಾಗ' ಎಂದೇ ಕರೆಯುತ್ತಿದ್ದರಂತೆ. ತಂಬೂರಿಯ ಹಾಗೆ ಒಂದೇ ಶ್ರುತಿ ಕೆಳಗೆ ನಿಂತಿರುತ್ತದೆ, ಮೇಲೆ ಗಿಟಾರು ನಿಧಾನವಾಗಿ ಬಿಚ್ಚಿಕೊಳ್ಳುತ್ತ ಹೋಗುತ್ತದೆ. ಅದು ರಾಗವೇ? ನಮ್ಮ ವಿದ್ವಾಂಸರು ಒಪ್ಪಲಾರರು. ಆದರೆ ಈಗ ಪಡೆದದ್ದು ನಮ್ಮ ಕಡೆಯಿಂದ. ಹಾಗಾಗಿ ಮೊದಲಿನ ಪ್ರಶ್ನೆ ನಮ್ಮ ಮನೆಗೂ ಬಂತು ನೋಡಿ. ಅವರು ಋಣವನ್ನು ಹೆಸರಿನಲ್ಲೇ ಒಪ್ಪಿಕೊಂಡರು ಎಂಬುದು ನಮಗೆ ಸಮಾಧಾನ ಕೊಡುತ್ತದಲ್ಲವೇ? ಶಿಕಾಗೋದ ಹಿರಿಯರಿಗೂ ಅಷ್ಟೇ ಬೇಕಾಗಿತ್ತು.

ಆ ಋಣ ತೀರಿಸುವ ಕೆಲಸವೂ ಸ್ವಲ್ಪಮಟ್ಟಿಗೆ ನಡೆಯಿತು. ಬ್ಲೂಮ್‌ಫೀಲ್ಡ್ ಸುಮ್ಮನಿರಲಿಲ್ಲ. ನಾನು ಯಾರಿಂದ ಕಲಿತೆನೋ ಅವರನ್ನು ಕರೆಯಿರಿ ಎಂದು ಸ್ಯಾನ್ ಫ್ರಾನ್ಸಿಸ್ಕೊದ ಕಾರ್ಯಕ್ರಮ ಸಂಘಟಕರ ಬೆನ್ನು ಹತ್ತಿದ. 1967ರಲ್ಲಿ ಬಿ.ಬಿ. ಕಿಂಗ್ ಅವರು ಅಲ್ಲಿನ ಫಿಲ್‌ಮೋರ್ ಸಭಾಂಗಣಕ್ಕೆ ಬಂದಾಗ ತುಂಬಿದ್ದ ಬಿಳಿಯ ಯುವಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ತಾವು ವೇದಿಕೆಯಲ್ಲೇ ಅತ್ತುಬಿಟ್ಟದ್ದನ್ನು ಕಿಂಗ್ ಅವರು ಆಮೇಲೆ ಎಷ್ಟೋ ಸಲ ಹೇಳಿಕೊಂಡಿದ್ದಾರೆ. 1969ರಲ್ಲಿ ಬಟರ್‌ಫೀಲ್ಡ್, ಬ್ಲೂಮ್‌ಫೀಲ್ಡ್, ಸ್ಯಾಮ್ ಲೇ ಮತ್ತೆ ಒಂದಾಗಿ ಮಡ್ಡಿ ವಾಟರ್ಸ್ ಅವರ ಹಿಂದೆ ಕೂತು ನುಡಿಸಿದರು. ಮಡ್ಡಿ ಅವರ ಹಳೆಯ ಸಂಗಾತಿ ಓಟಿಸ್ ಸ್ಪ್ಯಾನ್ ಪಿಯಾನೊಗೆ ಕೂತರು. ಆ ರೆಕಾರ್ಡಿಗೆ 'ಫಾದರ್ಸ್ ಆ್ಯಂಡ್ ಸನ್ಸ್' ಎಂದು ಹೆಸರಿಟ್ಟರು, ತಂದೆಯರು ಮತ್ತು ಮಕ್ಕಳು ಎಂದು. ಅದು ಪಟ್ಟಿಯಲ್ಲಿ 70ನೆಯ ಸ್ಥಾನಕ್ಕೆ ಬಂತು. ಮಡ್ಡಿ ವಾಟರ್ಸ್ ಅವರ ಯಾವ ರೆಕಾರ್ಡೂ ಆ ಪಟ್ಟಿಯಲ್ಲಿ ಅಷ್ಟು ಮೇಲೆ ಹೋಗಿರಲಿಲ್ಲ. ಈ ಸಲ ಹೊದಿಕೆಯ ಮೇಲೆ ದೊಡ್ಡದಾಗಿದ್ದ ಹೆಸರು ಗುರುವಿನದು.

ಬ್ಲೂಮ್‌ಫೀಲ್ಡ್ 1981ರಲ್ಲಿ 37ನೆಯ ವಯಸ್ಸಿನಲ್ಲಿ, ಬಟರ್‌ಫೀಲ್ಡ್ 1987ರಲ್ಲಿ 44ನೆಯ ವಯಸ್ಸಿನಲ್ಲಿ ತೀರಿಕೊಂಡರು. ಇಬ್ಬರನ್ನೂ ಮಾದಕ ವಸ್ತು ತಿಂದುಹಾಕಿತು. 2015ರಲ್ಲಿ ರಾಕ್ ಸಂಗೀತದ ಗೌರವ ಭವನಕ್ಕೆ ತಂಡವನ್ನು ಸೇರಿಸಿಕೊಂಡಾಗ ಬಟರ್‌ಫೀಲ್ಡ್ ಹೆಸರಿನ ಜೊತೆ ಆರ್ನಾಲ್ಡ್ ಮತ್ತು ಲೇ ಅವರ ಹೆಸರುಗಳನ್ನೂ ಬರೆದರು. ಸ್ಯಾಮ್ ಲೇ 2022ರ ಜನವರಿಯಲ್ಲಿ, 86ನೆಯ ವಯಸ್ಸಿನಲ್ಲಿ, ನಿಧನರಾದರು. ಹೌಲಿನ್ ವುಲ್ಫ್ ತಂಡದಿಂದ ಹೊರಟು, ಉತ್ತರದ ಹೋಟೆಲಿಗೆ ಬಂದು, ಮತ್ತೆ ಮಡ್ಡಿ ವಾಟರ್ಸ್ ಅವರ ಹಿಂದೆ ಕೂತ ಆ ಡ್ರಮ್ ವಾದಕರು ಊರಿನ ಎರಡೂ ಕಡೆಗಳನ್ನು ತುಳಿದವರು.

ಬಂಧುಗಳೇ, ಈ ರೆಕಾರ್ಡು ಎಲ್ಲ ನ್ಯಾಯವನ್ನೂ ಮಾಡಿತು ಎಂದು ನಾನು ಹೇಳಲಾರೆ. ತಂಡದ ಹೆಸರು ಬಿಳಿಯ ಹುಡುಗನದೇ, ಹೆಚ್ಚು ಕೂಲಿಯೂ ಆ ಹೆಸರಿನಿಂದಲೇ. ಆದರೆ ಅವರು ಕೂತು ಕಲಿತರು, ಕಲಿಸಿದವರ ಮನೆಯವರನ್ನು ಜೊತೆಗೆ ಕೂರಿಸಿಕೊಂಡರು, ತಮಗೆ ತಿಳಿದಷ್ಟು ಹೆಸರುಗಳನ್ನು ಬರೆದರು, ಸರಿಬರುವವರೆಗೆ ಎರಡು ಸಲ ಮಾಡಿದ್ದನ್ನು ಬಿಟ್ಟುಕೊಟ್ಟರು. ಮುಂದಿನ ವಾರ ನಿಮ್ಮೂರ ಭಜನೆಯಲ್ಲಿ ಪಕ್ಕದ ಮಾತಿನ ಪದವೊಂದು ಎದ್ದಾಗ, ತಾಳ ಹಾಕುವುದನ್ನು ನಿಲ್ಲಿಸಬೇಡಿ. ಹಾಡು ಮುಗಿದ ಮೇಲೆ, ಇದು ಯಾರದು ಎಂದು ಹಾಡಿದವರನ್ನು ಒಂದು ಮಾತು ಕೇಳಿ. ಹೆಸರು ಗೊತ್ತಾದರೆ ಪದದ ಪುಸ್ತಕದಲ್ಲಿ ಪದದ ತಲೆಗೆ ಬರೆದಿಡಿ.